ಪಟ್ಟಿ ಓದಿದ ದಿನ

ನಾನು ಚಿತ್ರದುರ್ಗದ ಒಂದು ಕಚೇರಿಯಲ್ಲಿ ಕೆಲಸ ಮಾಡುತ್ತೇನೆ. ಹಿರಿಯೂರು, ಹೊಸದುರ್ಗ, ಹೊಳಲ್ಕೆರೆಗಳಲ್ಲಿ ನಮ್ಮ ಶಾಖೆಗಳಿವೆ. ಸಭೆಯ ನೋಟೀಸು, ಸುತ್ತೋಲೆ, ವರದಿ ಕೇಳುವ ಪತ್ರ ಎಲ್ಲವೂ ಈಗ ಒಂದು ಇಮೇಲ್ ಗುಂಪಿಗೆ ಹೋಗುತ್ತವೆ. ಆ ಗುಂಪಿನಲ್ಲಿ ಯಾರಿರಬೇಕು, ಯಾರಿರಬಾರದು ಎಂಬ ಪಟ್ಟಿ ನನ್ನ ಸುಪರ್ದಿನಲ್ಲಿದೆ. ಹೊಸಬರು ಬಂದರೆ ಸೇರಿಸಬೇಕು, ವರ್ಗವಾದವರನ್ನೂ ನಿವೃತ್ತರಾದವರನ್ನೂ ತೆಗೆಯಬೇಕು. ಆರು ವರ್ಷದಿಂದ ಇದನ್ನು ಮಾಡುತ್ತಿದ್ದರೂ ಇದೊಂದು ಕೆಲಸ ಎಂದು ನನಗೆ ಅನ್ನಿಸಿರಲೇ ಇಲ್ಲ.

ಹೋದ ವರ್ಷದ ಮಳೆಗಾಲದಲ್ಲಿ ಒಂದು ಸಭೆ ಇತ್ತು. ಹಿಂದಿನ ಸಂಜೆ ಅದು ಎರಡು ದಿನ ಮುಂದಕ್ಕೆ ಹೋಯಿತು. ನಾನು ಗುಂಪಿಗೆ ಪತ್ರ ಹಾಕಿ ಮನೆಗೆ ಹೋದೆ. ಮರುದಿನ ಬೆಳಿಗ್ಗೆ ಹತ್ತೂವರೆಗೆ ನೋಡಿದರೆ, ಹೊಳಲ್ಕೆರೆ ಶಾಖೆಯ ಡೇಟಾ ಎಂಟ್ರಿ ಆಪರೇಟರ್ ಹೆಣ್ಣುಮಗಳು ಕಡತಗಳ ಚೀಲ ಎದೆಗೆ ಅವುಚಿಕೊಂಡು, ಅರ್ಧ ನೆಂದು, ಬಾಗಿಲಲ್ಲಿ ನಿಂತಿದ್ದರು.

"ಸಭೆ ನಾಡಿದ್ದಿಗೆ ಹೋಯ್ತಲ್ಲಮ್ಮ, ನೋಡ್ಲಿಲ್ವಾ?"

"ಎಲ್ಲಿ ನೋಡ್ಲಿ ಸಾರ್? ಅದ್ರಲ್ಲಿ ನನ್ನ ಹೆಸರೇ ಇಲ್ವಲ್ಲ."

"ಯಾರೂ ಹೇಳ್ಲಿಲ್ವಾ?"

"ಯಾವಾಗ್ಲೂ ಮ್ಯಾನೇಜರ್ ಸಾರು ಹೇಳೋರು. ಅವ್ರು ರಜ ಇದಾರೆ."

ಅವರು ಆ ಶಾಖೆಗೆ ಬಂದು ಹನ್ನೊಂದು ವರ್ಷವಾಗಿತ್ತು. ಸಭೆಯಲ್ಲಿ ಓದಬೇಕಿದ್ದ ಹೊಳಲ್ಕೆರೆಯ ಅಂಕಿಗಳೆಲ್ಲ ಅವರೇ ಕೂಡಿಸಿ ಬೆರಳಚ್ಚು ಮಾಡಿದ್ದು. ಆದರೆ ಅವರು ಏಜೆನ್ಸಿ ಮೂಲಕ ಬಂದವರು, ಹೊರಗುತ್ತಿಗೆಯವರು. ನೌಕರರ ಪಟ್ಟಿಯಲ್ಲಿ ಇಲ್ಲ, ಆದ್ದರಿಂದ ನನ್ನ ಪಟ್ಟಿಯಲ್ಲೂ ಇಲ್ಲ. ನಾನು ಯಾವತ್ತೂ ಅವರನ್ನು ಬಿಟ್ಟದ್ದಲ್ಲ. ಸೇರಿಸಬೇಕೇ ಎಂದು ಕೇಳಿಯೇ ಇರಲಿಲ್ಲ.

ಅವತ್ತು ಸಂಜೆ ಕೂತು ಪಟ್ಟಿಯನ್ನು ಮೇಲಿನಿಂದ ಕೆಳಗಿನವರೆಗೆ ಓದಿದೆ. 61 ಹೆಸರು. ಅದರಲ್ಲಿ ಇಬ್ಬರು ದಾವಣಗೆರೆಗೆ ವರ್ಗವಾಗಿ ಎರಡು ವರ್ಷವಾಗಿತ್ತು. ಹೊಸದುರ್ಗದ ಒಬ್ಬ ಹಿರಿಯರು ನಿವೃತ್ತರಾಗಿದ್ದರು. ಹಿರಿಯೂರಿನ ಒಬ್ಬರು ತೀರಿಕೊಂಡಿದ್ದರು. ಅವರ ತಿಥಿಯ ಊಟಕ್ಕೆ ನಾನೇ ಹೋಗಿದ್ದೆ. ಒಂದೂವರೆ ವರ್ಷದಿಂದ ಸತ್ತವರಿಗೆ ಸುತ್ತೋಲೆ ಕಳಿಸುತ್ತಾ, ಬದುಕಿ ದುಡಿಯುವವರಿಗೆ ಕಳಿಸದೆ ಕೂತಿದ್ದೆ.

ಇತಿಹಾಸ ಓದುವುದು ನನ್ನ ಹಳೆಯ ಚಟ. ಇಂಥ ಪಟ್ಟಿಗಳನ್ನು ನಮ್ಮ ಸೀಮೆಯಲ್ಲಿ ಹಿಂದೆ ಯಾರು ಇಟ್ಟಿದ್ದರು, ಹೇಗೆ ಇಟ್ಟಿದ್ದರು ಎಂದು ಹುಡುಕತೊಡಗಿದೆ. ಮೊದಲು ಸಿಕ್ಕಿದ್ದು ಬಂಡೆಯ ಮೇಲೆ.

ಚಿತ್ರದುರ್ಗ ಜಿಲ್ಲೆಯ ಮೊಳಕಾಲ್ಮುರು ತಾಲ್ಲೂಕಿನ ಬ್ರಹ್ಮಗಿರಿಯಲ್ಲಿ ಅಶೋಕನ ಶಾಸನ ಇರುವುದು ಶಾಲೆಯ ಮಕ್ಕಳಿಗೂ ಗೊತ್ತು. ಬಿ.ಎಲ್. ರೈಸ್ 1892ರಲ್ಲಿ ಇದನ್ನು ಹೊರಜಗತ್ತಿಗೆ ತಿಳಿಸಿದ. ನಾವು ಅದನ್ನು ಧರ್ಮಶಾಸನ ಎಂದು ಓದುತ್ತೇವೆ. ಗುಮಾಸ್ತನ ಕಣ್ಣಲ್ಲಿ ಓದಿದರೆ ಅದರ ಆರಂಭ ಅಚ್ಚುಕಟ್ಟಾದ ಕಚೇರಿ ಪತ್ರ. ಕಳಿಸಿದವರು ಸುವರ್ಣಗಿರಿಯಲ್ಲಿರುವ ಆರ್ಯಪುತ್ರ ಮತ್ತು ಅಲ್ಲಿನ ಮಹಾಮಾತ್ರರು. ಸೇರಬೇಕಾದದ್ದು ಇಸಿಲದ ಮಹಾಮಾತ್ರರಿಗೆ. ಮೊದಲು ಕ್ಷೇಮ ಸಮಾಚಾರ, ಆಮೇಲೆ ರಾಜಾಜ್ಞೆ. ಕ್ರಿ.ಪೂ. 3ನೇ ಶತಮಾನದ ಈ ಪತ್ರ ಒಬ್ಬರಿಗೆ ಬರೆದದ್ದಲ್ಲ, ಒಂದು ಗುಂಪಿಗೆ ಬರೆದದ್ದು. ಇಸಿಲದಲ್ಲಿ ಎಷ್ಟು ಮಂದಿ ಮಹಾಮಾತ್ರರಿದ್ದರು, ಅವರ ಹೆಸರೇನು ಎಂದು ಅದರಲ್ಲಿ ಇಲ್ಲ, ಬೇಕಾಗಿಯೂ ಇಲ್ಲ. ಯಾರು ಆ ಹುದ್ದೆಯಲ್ಲಿ ಕೂತಿದ್ದಾರೋ ಪತ್ರ ಅವರದು. ಹಳಬರು ಹೋಗಿ ಹೊಸಬರು ಬಂದರೂ ವಿಳಾಸ ಬದಲಾಗುವುದಿಲ್ಲ.

ಆದರೆ ಆ ಬಂಡೆಯ ಮೇಲೆ ಅಶೋಕನ ಕಡೆಯ ಒಬ್ಬ ನೌಕರನ ಹೆಸರು ಮಾತ್ರ ಉಳಿದಿದೆ. ಅವನು ಬರೆದವನು, ಚಪಡ. ತನ್ನ ಹೆಸರನ್ನು ಹೇಳಿ, ಕೊನೆಗೆ ಲಿಪಿಕಾರ ಎನ್ನುವ ಮಾತನ್ನು ಬ್ರಾಹ್ಮಿಯಲ್ಲಿ ಬರೆಯದೆ ಖರೋಷ್ಠಿಯಲ್ಲಿ ಬರೆದ. ಖರೋಷ್ಠಿ ವಾಯುವ್ಯದ ಲಿಪಿ, ಬಲದಿಂದ ಎಡಕ್ಕೆ ಬರೆಯುವಂಥದ್ದು. ಆದ್ದರಿಂದ ಅವನು ಆ ಕಡೆಯಿಂದ ಬಂದವನಿರಬೇಕು, ಇಲ್ಲವೇ ಅಲ್ಲಿ ಕೆಲಸ ಮಾಡಿದವನಿರಬೇಕು ಎಂದು ವಿದ್ವಾಂಸರು ಊಹಿಸುತ್ತಾರೆ. ವರ್ಗವಾಗಿ ದೂರದ ಸೀಮೆಗೆ ಬಂದ ನೌಕರ ಎಂದು ನಾನು ಅವನನ್ನು ಕಲ್ಪಿಸಿಕೊಳ್ಳುತ್ತೇನೆ. ಮಹಾಮಾತ್ರರ ಹೆಸರಿಲ್ಲ, ಬರೆಯುವವನ ಹೆಸರಿದೆ. ಪಟ್ಟಿ ಯಾರ ಕೈಯಲ್ಲಿದೆಯೋ ಅವರು ಉಳಿಯುತ್ತಾರೆ ಎನ್ನುವುದಕ್ಕೆ ನಮ್ಮ ಜಿಲ್ಲೆಯ ಮೊದಲ ಸಾಕ್ಷಿ ಇದೇ ಇರಬೇಕು.

ಎರಡನೆಯ ಪಟ್ಟಿ ಬಟ್ಟೆಯದು. ನಾವು ದಿನಕ್ಕೆ ಇಪ್ಪತ್ತು ಸಲ ಕಡತ ಎನ್ನುತ್ತೇವೆ. ಕಡತ ಮಂಡಿಸಿ, ಕಡತ ವಿಲೇವಾರಿ ಮಾಡಿ, ಈಗ ಇ-ಕಡತ. ಮೂಲದಲ್ಲಿ ಕಡತ ಎಂದರೆ ಶ್ಯಾನುಭೋಗರ ಕಪ್ಪು ಬಟ್ಟೆಯ ಪುಸ್ತಕ. ಬಟ್ಟೆಗೆ ಹುಣಸೆಬೀಜದ ಸರಿಯನ್ನೂ ಇದ್ದಿಲನ್ನೂ ಬೆರೆಸಿ ಬಳಿದು, ಒಣಗಿಸಿ, ಮಡಿಕೆ ಮಡಿಕೆಯಾಗಿ ಮಡಚಿ ಇಡುತ್ತಿದ್ದರು. ಬರೆಯುವುದು ಬಳಪದಲ್ಲಿ, ಅಕ್ಷರ ಬೆಳ್ಳಗೆ. ಬೇಡವಾದರೆ ಒರೆಸಿ ಮತ್ತೆ ಬರೆಯಬಹುದು. ಮೈಸೂರಿನಲ್ಲಿ ರೆಸಿಡೆಂಟ್ ಆಗಿದ್ದ ಮಾರ್ಕ್ ವಿಲ್ಕ್ಸ್ ತನ್ನ ಚರಿತ್ರೆಯ ಪುಸ್ತಕದಲ್ಲಿ ಇದನ್ನು ವರ್ಣಿಸಿದ್ದಾನೆ. ಶೃಂಗೇರಿ ಮಠದಲ್ಲಿ ಇಂಥ ಕಡತಗಳು ಇಂದಿಗೂ ಇವೆ.

ಶಾಸನದ ಹೆಸರನ್ನು ಅಳಿಸಲು ಉಳಿ ಬೇಕು. ಕಡತದ ಹೆಸರನ್ನು ಅಳಿಸಲು ಒದ್ದೆ ಕೈ ಸಾಕು. ಹಳ್ಳಿಯಲ್ಲಿ ಯಾರ ಹೊಲ ಯಾರದು, ಯಾರು ಕಂದಾಯ ಕಟ್ಟಿದರು, ಯಾರಿಗೆ ಎಷ್ಟು ಸಲ್ಲಬೇಕು ಎಂಬ ಲೆಕ್ಕವನ್ನೆಲ್ಲ ಬರೆಯುವ ಶ್ಯಾನುಭೋಗನ ಬಗ್ಗೆ ನಮ್ಮ ಜನರಿಗೆ ಇದ್ದ ಭಯ ಭಕ್ತಿ ಎರಡೂ ಆ ಒದ್ದೆ ಕೈಯಿಂದ ಬಂದದ್ದು.

ಆ ಲೆಕ್ಕದಲ್ಲಿ ಆಯಗಾರರದೂ ಒಂದು ಭಾಗ. ಗೌಡ, ಶ್ಯಾನುಭೋಗ, ತಳವಾರ, ತೋಟಿ, ನೀರುಗಂಟಿ, ಕಮ್ಮಾರ, ಬಡಗಿ, ಕುಂಬಾರ, ಅಗಸ, ಕ್ಷೌರಿಕ ಹೀಗೆ ಹನ್ನೆರಡು ಮಂದಿ ಎಂದು ಹೇಳುವುದು ವಾಡಿಕೆ. ಊರಿಂದ ಊರಿಗೆ ಒಂದೆರಡು ಹೆಸರು ಬದಲಾಗುತ್ತಿದ್ದವು. ಕಣದಲ್ಲಿ ರಾಶಿ ಬಿದ್ದಾಗ ಇವರಿಗೆ ಸಲ್ಲುವ ಧಾನ್ಯದ ಪಾಲೇ ಆಯ. ಸಂಬಳದ ಬದಲು ಪಾಲು. ಕೆಲವರಿಗೆ ಇನಾಮು ಜಮೀನೂ ಇರುತ್ತಿತ್ತು. ಊರು ಎಂಬ ಕಚೇರಿಯ ಸಿಬ್ಬಂದಿ ಪಟ್ಟಿ ಎಂದರೆ ಅದು.

ಈ ಪಟ್ಟಿಗೆ ಹೊಸಬರು ಸೇರುವ ಹಾಗಿರಲಿಲ್ಲ. ಅಪ್ಪನ ಜಾಗಕ್ಕೆ ಮಗ. ಗೌಡಿಕೆ ಒಂದು ಮನೆತನದಲ್ಲಿ, ತೋಟಿತನ ಇನ್ನೊಂದು ಜಾತಿಯಲ್ಲಿ. ಪಟ್ಟಿಯಲ್ಲಿ ಇರುವುದು ಕೆಲವರಿಗೆ ಮಾನ, ಇನ್ನು ಕೆಲವರಿಗೆ ಬಿಡುಗಡೆಯಿಲ್ಲದ ಕಟ್ಟು. ತಳವಾರ, ತೋಟಿಗಳು ಹೊತ್ತಲ್ಲದ ಹೊತ್ತಿನಲ್ಲಿ ಸುದ್ದಿ ಒಯ್ಯಬೇಕಿತ್ತು, ಬಂದ ಅಧಿಕಾರಿಯ ಹೊರೆ ಹೊರಬೇಕಿತ್ತು. ಬಿಟ್ಟಿ ಎಂಬ ಮಾತು ಅಲ್ಲಿಂದಲೇ ನಮಗೆ ಉಳಿದಿದೆ. 1961ರ ಗ್ರಾಮ ಹುದ್ದೆಗಳ ರದ್ಧತಿ ಕಾಯ್ದೆ 1963ರಲ್ಲಿ ಜಾರಿಗೆ ಬಂದು ಈ ವಂಶಪಾರಂಪರ್ಯ ಹುದ್ದೆಗಳನ್ನು ಕೊನೆಗೊಳಿಸಿತು. ಶ್ಯಾನುಭೋಗರ ಜಾಗಕ್ಕೆ ಸಂಬಳದ ಗ್ರಾಮ ಲೆಕ್ಕಿಗರು ಬಂದರು. ಕೆಲವು ಮನೆಗಳಲ್ಲಿ ಅದು ದುಃಖದ ಸುದ್ದಿ, ಕೆಲವು ಮನೆಗಳಲ್ಲಿ ನಿಟ್ಟುಸಿರು. ಪಟ್ಟಿಯಿಂದ ಹೊರಬೀಳುವುದು ಎಲ್ಲರಿಗೂ ನಷ್ಟವೇ ಎಂದು ಹೇಳುವ ಹಾಗಿಲ್ಲ.

ಪಟ್ಟಿಯಲ್ಲೇ ಇಲ್ಲದವರ ಮಾತು ಬಂದಾಗ ದುರ್ಗದವರಿಗೆ ಮೊದಲು ನೆನಪಾಗಬೇಕಾದವಳು ಓಬವ್ವ. ಕಥೆ ಎಲ್ಲರಿಗೂ ಗೊತ್ತು. ಹೈದರಾಲಿಯ ಸೈನ್ಯ ಕೋಟೆಗೆ ಮುತ್ತಿಗೆ ಹಾಕಿದೆ. ಕಿಂಡಿಯ ಕಾವಲುಗಾರ ಮುದ್ದಹನುಮ ಊಟಕ್ಕೆ ಕೂತಿದ್ದಾನೆ. ನೀರಿಗೆ ಹೋದ ಹೆಂಡತಿ ಕಿಂಡಿಯಲ್ಲಿ ನುಸುಳಿ ಬರುತ್ತಿರುವ ಸೈನಿಕರನ್ನು ಕಾಣುತ್ತಾಳೆ. ಗಂಡನನ್ನು ಊಟದಿಂದ ಎಬ್ಬಿಸದೆ ಒನಕೆ ಹಿಡಿದು ನಿಲ್ಲುತ್ತಾಳೆ. ಕಡೆಗೆ 1779ರಲ್ಲಿ ಕೋಟೆ ಹೈದರನ ವಶವಾಯಿತು. ಓಬವ್ವನ ಕಥೆಯನ್ನು ಜನ ಬಾಯಿಂದ ಬಾಯಿಗೆ ಉಳಿಸಿಕೊಂಡರು.

ನಾನು ಇದನ್ನು ಎಷ್ಟು ಸಲ ಕೇಳಿದ್ದರೂ ಒಂದು ವಿಷಯ ಹೊಳೆದಿರಲಿಲ್ಲ. ಕಾವಲಿನ ಲೆಕ್ಕದಲ್ಲಿ ಇದ್ದವನು ಮುದ್ದಹನುಮ. ಪಾಳಿ ಅವನದು, ಸಂಬಳ ಅವನದು. ಆ ಹೊತ್ತಿಗೆ ಕಾವಲು ಕಾದವಳ ಹೆಸರು ಯಾವ ಕಾವಲು ಪಟ್ಟಿಯಲ್ಲೂ ಇರಲು ಸಾಧ್ಯವಿರಲಿಲ್ಲ. ಇಂದು ದುರ್ಗದ ಕ್ರೀಡಾಂಗಣಕ್ಕೆ ಅವಳ ಹೆಸರಿದೆ. 2021ರಿಂದ ನವೆಂಬರ್ 11ರಂದು ಸರ್ಕಾರವೇ ಅವಳ ಜಯಂತಿ ಆಚರಿಸುತ್ತಿದೆ. ಪಟ್ಟಿಯಲ್ಲಿದ್ದ ಉಳಿದ ಕಾವಲುಗಾರರ ಹೆಸರು ಯಾರ ಬಾಯಲ್ಲೂ ಇಲ್ಲ. ಆದರೆ ಇದರಿಂದ ಸಮಾಧಾನಪಟ್ಟುಕೊಳ್ಳುವುದು ಸರಿಯಲ್ಲ. ಪಟ್ಟಿಗೆ ಸೇರದ ಒಬ್ಬಳು ಜನರ ಬಾಯಲ್ಲಿ ಉಳಿದಳು ಎಂದರೆ, ಉಳಿಯದೆ ಹೋದವರು ಸಾವಿರ.

ಹಾಗೆ ಉಳಿಯದೆ ಹೋದವರನ್ನು ಕಾಣಬೇಕೆಂದರೆ ಹಿರಿಯೂರಿನ ಮಾರಿಕಣಿವೆಗೆ ಹೋಗಬೇಕು. ವೇದಾವತಿಗೆ ಅಡ್ಡಲಾಗಿ ಎರಡು ಗುಡ್ಡಗಳ ನಡುವೆ ಕಟ್ಟಿದ ಈ ಅಣೆಕಟ್ಟಿನ ಕೆಲಸ 1898ರಲ್ಲಿ ಶುರುವಾಗಿ 1907ರಲ್ಲಿ ಮುಗಿಯಿತು. ಮಹಾರಾಣಿ ವಾಣಿವಿಲಾಸ ಸನ್ನಿಧಾನ ರೀಜೆಂಟ್ ಆಗಿದ್ದ ಕಾಲ, ಕೆ. ಶೇಷಾದ್ರಿ ಅಯ್ಯರ್ ದಿವಾನರು. ಸಿಮೆಂಟಿಲ್ಲದೆ, ಕಲ್ಲು ಗಾರೆಯಲ್ಲಿ ಎದ್ದ ಕಟ್ಟೆ. ಸುಮಾರು 30 ಟಿಎಂಸಿ ನೀರು ಹಿಡಿಯುತ್ತದೆ. 1933ರಲ್ಲಿ ಕೋಡಿ ಬಿದ್ದದ್ದು ಮತ್ತೆ ಬಿದ್ದದ್ದು 89 ವರ್ಷದ ಮೇಲೆ, 2022ರಲ್ಲಿ. ಅವತ್ತು ನೋಡಲು ಹೋದ ಜನಜಂಗುಳಿಯಲ್ಲಿ ನಾನೂ ಇದ್ದೆ.

ಇಂಥ ಕೆಲಸದಲ್ಲಿ ಕೂಲಿಯವರ ಹೆಸರು ಬರೆಯುವ ಪುಸ್ತಕಕ್ಕೆ ಮಸ್ಟರ್ ರೋಲ್ ಎನ್ನುತ್ತಾರೆ. ದಿನಾ ಬೆಳಿಗ್ಗೆ ಮೇಸ್ತ್ರಿ ಹೆಸರು ಕೂಗುತ್ತಾನೆ, ಹಾಜರಿ ಹಾಕುತ್ತಾನೆ, ವಾರದ ಬಟವಾಡೆ ಆ ಹಾಜರಿಯ ಮೇಲೆ. ಹೆಸರಿದ್ದರೆ ಕೂಲಿ, ಇಲ್ಲದಿದ್ದರೆ ಇಲ್ಲ. ಕೆಲಸ ಮುಗಿದ ಮೇಲೆ ಆ ಹೆಸರುಗಳಿಂದ ಯಾರಿಗೂ ಉಪಯೋಗವಿಲ್ಲ. ಮಾರಿಕಣಿವೆಯ ಬಗ್ಗೆ ನಾನು ಓದಿದ ಪುಸ್ತಕಗಳಲ್ಲಿ ಮಹಾರಾಣಿಯವರಿದ್ದಾರೆ, ದಿವಾನರಿದ್ದಾರೆ, ಇಂಜಿನಿಯರುಗಳಿದ್ದಾರೆ. ಕಲ್ಲು ಹೊತ್ತವರು ಸಂಖ್ಯೆಯಾಗಿ ಮಾತ್ರ ಇದ್ದಾರೆ.

ಕಚೇರಿಯ ಒಳಗೆ ಯಾರು ಎಂಬ ಪ್ರಶ್ನೆಗೂ ಮೈಸೂರು ಸೀಮೆಯಲ್ಲಿ ಒಂದು ಚರಿತ್ರೆ ಇದೆ. ಸರ್ಕಾರಿ ಕೆಲಸಗಳು ಒಂದೇ ಸಮುದಾಯದ ಕೈಯಲ್ಲಿವೆ ಎಂಬ ದೂರು ಬಂದು, ನಾಲ್ವಡಿ ಕೃಷ್ಣರಾಜ ಒಡೆಯರು 1918ರಲ್ಲಿ ಲೆಸ್ಲಿ ಮಿಲ್ಲರ್ ಸಮಿತಿಯನ್ನು ನೇಮಿಸಿದರು. ಏಳು ವರ್ಷದೊಳಗೆ ಮೇಲಿನ ಹುದ್ದೆಗಳಲ್ಲಿ ಅರ್ಧ, ಕೆಳಗಿನ ಹುದ್ದೆಗಳಲ್ಲಿ ಮೂರನೇ ಎರಡು ಭಾಗ ಹಿಂದುಳಿದ ಸಮುದಾಯಗಳಿಗೆ ಹೋಗಬೇಕು ಎಂದು ಸಮಿತಿ ಹೇಳಿತು. ದಿವಾನ್ ವಿಶ್ವೇಶ್ವರಯ್ಯನವರು ಈ ನೀತಿಯನ್ನು ಒಪ್ಪದೆ ಹುದ್ದೆ ಬಿಟ್ಟರು. ಪಟ್ಟಿಗೆ ಬಾಗಿಲು ಎಷ್ಟು ಅಗಲ ಇರಬೇಕು ಎಂಬ ಜಗಳ ಅಲ್ಲಿಂದ ಇಲ್ಲಿಯವರೆಗೆ ನಿಂತಿಲ್ಲ.

ನನ್ನ ಕಾಲದಲ್ಲೇ ಪಟ್ಟಿ ಹರಿದದ್ದನ್ನೂ ನೋಡಿದ್ದೇನೆ. 1997ರಲ್ಲಿ ದಾವಣಗೆರೆ ಬೇರೆ ಜಿಲ್ಲೆಯಾಯಿತು. ಹರಿಹರ, ಜಗಳೂರು, ದಾವಣಗೆರೆ ಚಿತ್ರದುರ್ಗದಿಂದ ಹೋದವು. ಆಗ ನಾನು ಕೆಲಸಕ್ಕೆ ಸೇರಿ ಮೂರು ವರ್ಷ. ಒಂದು ಬೆಳಿಗ್ಗೆ ಹಾಜರಿ ಪುಸ್ತಕ ತೆರೆದರೆ ಎಷ್ಟೋ ಹೆಸರುಗಳ ಮೇಲೆ ಕೆಂಪು ಶಾಯಿಯ ಗೆರೆ. ಪಕ್ಕದ ಮೇಜಿನವರು ಬೇರೆ ಜಿಲ್ಲೆಯವರಾಗಿದ್ದರು. ಅವರು ಕೂಡ ಅದೇ ಪುಸ್ತಕ ನೋಡಿಯೇ ತಿಳಿದುಕೊಂಡದ್ದು. ಮಧ್ಯಾಹ್ನ ಬುತ್ತಿ ಬಿಚ್ಚುವಾಗ ಅವರು, "ಗೆರೆ ಎಳೆಯೋಕೆ ಮೊದ್ಲು ಒಂದು ಮಾತು ಹೇಳ್ಬೋದಿತ್ತು ಕಣಪ್ಪ" ಅಂದರು. ಅಷ್ಟೇ.

ಇನ್ನು ಹೊಳಲ್ಕೆರೆಯ ಹೆಣ್ಣುಮಗಳ ಪ್ರಶ್ನೆ. ಅವರ ಸ್ಥಿತಿಗೂ ಒಂದು ದಾರಿ ಇದೆ, ಅದು ಬೇಕಾಗಿ ಕಟ್ಟಿದ ದಾರಿ. ಕರ್ನಾಟಕದಲ್ಲಿ 1984ರ ಜುಲೈ 1ರ ನಂತರ ದಿನಗೂಲಿ ನೇಮಕ ಬೇಡ ಎಂದು ಸರ್ಕಾರ ನಿಲ್ಲಿಸಿತ್ತು. ಆಮೇಲೂ ಇಲಾಖೆಗಳು ಜನರನ್ನು ತೆಗೆದುಕೊಂಡವು, ಏಕೆಂದರೆ ಕೆಲಸ ನಿಂತಿರಲಿಲ್ಲ. ಹಾಗೆ ವಾಣಿಜ್ಯ ತೆರಿಗೆ ಇಲಾಖೆಗೆ 1985-86ರಲ್ಲಿ ದಿನಗೂಲಿಗೆ ಬಂದವರು ಹತ್ತು ವರ್ಷ ದುಡಿದ ಮೇಲೆ ನಮ್ಮನ್ನು ಕಾಯಂ ಮಾಡಿ ಎಂದು ಕೇಳಿದರು. ಅದು ಸುಪ್ರೀಂ ಕೋರ್ಟಿನ ಐವರು ನ್ಯಾಯಮೂರ್ತಿಗಳ ಪೀಠಕ್ಕೆ ಹೋಯಿತು. ಇಡೀ ದೇಶದ ಕಚೇರಿಗಳಲ್ಲಿ ಇಂದು ಉಮಾದೇವಿ ಪ್ರಕರಣ ಎಂದು ಹೆಸರಾದದ್ದು ಕರ್ನಾಟಕದ ಈ ಮೊಕದ್ದಮೆಯೇ. 2006ರ ಏಪ್ರಿಲ್ 10ರ ತೀರ್ಪು ಹೇಳಿದ್ದು ಇಷ್ಟು: ಹಿಂಬಾಗಿಲಿಂದ ಬಂದವರು ಎಷ್ಟು ವರ್ಷ ದುಡಿದರೂ ಕಾಯಂ ಆಗುವ ಹಕ್ಕು ಹುಟ್ಟುವುದಿಲ್ಲ, ಎಲ್ಲರಿಗೂ ಅರ್ಜಿ ಹಾಕುವ ಸಮಾನ ಅವಕಾಶ ಇರಬೇಕು. ಮಂಜೂರಾದ ಖಾಲಿ ಹುದ್ದೆಗಳಲ್ಲಿ, ಕೋರ್ಟಿನ ಆದೇಶದ ಆಸರೆಯಿಲ್ಲದೆ, ಹತ್ತು ವರ್ಷ ದಾಟಿದವರನ್ನು ಮಾತ್ರ ಒಂದು ಸಲಕ್ಕೆ ಪರಿಗಣಿಸಬಹುದು.

ತೀರ್ಪಿನ ಹಿಂದಿನ ನ್ಯಾಯ ನನಗೆ ಅರ್ಥವಾಗುತ್ತದೆ. ಯಾರದೋ ಶಿಫಾರಸಿನಿಂದ ಒಳಗೆ ಬಂದವರು ಕಾಯಂ ಆದರೆ, ಹಳ್ಳಿಯಲ್ಲಿ ಓದಿ ಪರೀಕ್ಷೆಗೆ ಕಾಯುತ್ತಾ ಕೂತ ಹುಡುಗಿಯ ಜಾಗ ಹೋಗುತ್ತದೆ. ಆದರೆ ಹತ್ತು ವರ್ಷ ಹಾಜರಿ ಹಾಕಿದವರ ಕಡೆ ತಿರುಗಿ ನೋಡಿದರೆ, ತಪ್ಪು ಮಾಡಿದ್ದು ನೇಮಿಸಿದವರು, ಬೆಲೆ ತೆತ್ತದ್ದು ದುಡಿದವರು. ಕರ್ನಾಟಕ 2012ರಲ್ಲಿ ದಿನಗೂಲಿ ನೌಕರರ ಕ್ಷೇಮಾಭಿವೃದ್ಧಿ ಕಾಯ್ದೆ ತಂದು ಹಳಬರಿಗೆ ಒಂದಿಷ್ಟು ಭದ್ರತೆ ಕೊಟ್ಟಿತು. ಹೊಸ ಕೆಲಸಗಳು ಮಾತ್ರ ಏಜೆನ್ಸಿಗಳ ಕೈಗೆ ಹೋದವು. ಈಗ ಮಸ್ಟರ್ ರೋಲ್ ಕೂಡ ನಮ್ಮಲ್ಲಿಲ್ಲ, ಏಜೆನ್ಸಿಯಲ್ಲಿದೆ. ಹೊರಗುತ್ತಿಗೆ ಎಂಬ ಪದದಲ್ಲೇ ಹೊರಗು ಇದೆ. ಕೂರುವ ಕುರ್ಚಿ ನಮ್ಮ ಪಕ್ಕದ್ದೇ.

ಪಟ್ಟಿಯನ್ನು ಹೇಗೆ ಸರಿಮಾಡುವುದು ಎಂಬುದಕ್ಕೆ ಉತ್ತರ ನನಗೆ ಸಿಕ್ಕಿದ್ದು ರಾಜಸ್ಥಾನದಿಂದ. ಮಜ್ದೂರ್ ಕಿಸಾನ್ ಶಕ್ತಿ ಸಂಘಟನ್ ಎಂಬ ಸಂಘಟನೆ 1994ರ ಡಿಸೆಂಬರಿನಿಂದ ಅಲ್ಲಿನ ಹಳ್ಳಿಗಳಲ್ಲಿ ಜನಸುನವಾಯಿ ಶುರು ಮಾಡಿತು. ಅವರು ಮಾಡಿದ್ದು ಬಹಳ ಸರಳ. ಕಾಮಗಾರಿಯ ಮಸ್ಟರ್ ರೋಲುಗಳನ್ನು ಹೇಗೋ ಸಂಪಾದಿಸಿ, ಊರವರ ಮುಂದೆ ಗಟ್ಟಿಯಾಗಿ ಓದಿದರು. ಓದುತ್ತಿದ್ದಂತೆ ಜನ ಎದ್ದು ನಿಂತರು: ಇವನು ಸತ್ತು ವರ್ಷಗಳಾಯಿತು, ಇವನು ಊರೇ ಬಿಟ್ಟಿದ್ದಾನೆ, ನಾನು ದುಡಿದಿದ್ದೇನೆ ನನಗೆ ಕೂಲಿ ಬಂದಿಲ್ಲ. ಆ ಓದಿನಿಂದ ಬೆಳೆದ ಚಳವಳಿ 2005ರ ಮಾಹಿತಿ ಹಕ್ಕು ಕಾಯ್ದೆಗೆ ದಾರಿಯಾಯಿತು. ಕಡತದ ಕಪ್ಪು ಬಟ್ಟೆಯಲ್ಲಿ ಮಡಚಿಟ್ಟ ಪಟ್ಟಿಯನ್ನು ಬಿಚ್ಚಿ ಓದಿದರೆ ಸಾಕು, ಅರ್ಧ ತಪ್ಪು ತಾನಾಗಿ ಎದ್ದು ಕಾಣುತ್ತದೆ.

ಮುಂದಿನ ತಿಂಗಳ ಸಭೆಯಲ್ಲಿ ನಮ್ಮ ಅಧಿಕಾರಿಯವರ ಅಪ್ಪಣೆ ಪಡೆದು ನಾನೂ ಪಟ್ಟಿ ಓದಿದೆ. ಮೊದಲಿಗೆ ಎಲ್ಲರೂ ನಕ್ಕರು, ಶಾಲೆಯ ಹಾಜರಿಯ ಹಾಗೆ ಒಬ್ಬರು "ಎಸ್ ಸಾರ್" ಅಂದರು. ಹಿರಿಯೂರಿನ ಆ ತೀರಿಕೊಂಡವರ ಹೆಸರು ಬಂದಾಗ ನಗು ನಿಂತಿತು. ಓದಿ ಮುಗಿಸಿ, "ಹೆಸರು ಬರದೇ ಇದ್ದವರು ಕೈ ಎತ್ತಿ" ಅಂದೆ. ಏಳು ಕೈ ಎದ್ದವು. ಗೋಡೆ ಪಕ್ಕದ ಕುರ್ಚಿಗಳಲ್ಲಿ ಕೂತವರೇ ಎಲ್ಲ.

ಅಧಿಕಾರಿಯವರಿಗೆ ಒಂದು ಆತಂಕ ಇತ್ತು, ಅದು ಸುಳ್ಳೂ ಅಲ್ಲ. ಹಿಂದೊಮ್ಮೆ ಒಬ್ಬ ಸಹೋದ್ಯೋಗಿಯ ಮೇಲಿನ ವಿಚಾರಣೆಯ ಪತ್ರ ಗುಂಪಿಗೆ ಹೋಗಿ, ವರ್ಗವಾಗಿ ಹೋದವರ ಮೂಲಕ ದಾವಣಗೆರೆಯ ತುಂಬ ಹಬ್ಬಿತ್ತು. ಆ ಮನುಷ್ಯ ಆಮೇಲೆ ನಿರ್ದೋಷಿ ಎಂದಾಯಿತು. ಅಷ್ಟರಲ್ಲಿ ಮಾತು ಊರು ಸುತ್ತಿ ಬಂದಿತ್ತು. ಎಲ್ಲರೂ ಎಲ್ಲದರಲ್ಲೂ ಇರಬೇಕು ಎನ್ನುವುದೂ ಅನ್ಯಾಯವೇ.

ಕೊನೆಗೆ ಇಸಿಲದ ಮಹಾಮಾತ್ರರೇ ನೆರವಿಗೆ ಬಂದರು. ಒಂದು ಪಟ್ಟಿಯನ್ನು ಎರಡು ಮಾಡಿದೆವು. ಸೇವಾ ವಿಷಯಗಳಿಗೆ ಒಂದು, ಅದರಲ್ಲಿ ಕಾಯಂ ನೌಕರರು ಮಾತ್ರ. ಸಭೆ, ವರದಿ, ದಿನದ ಕೆಲಸಕ್ಕೆ ಇನ್ನೊಂದು. ಅದರಲ್ಲಿ ಹುದ್ದೆ, ನೇಮಕಾತಿ ಯಾವುದೂ ನೋಡುವಂತಿಲ್ಲ, ಆ ಕೆಲಸ ಯಾರು ಮಾಡುತ್ತಾರೋ ಅವರು. ಪ್ರತಿ ಮೂರು ತಿಂಗಳಿಗೆ ಸಭೆಯಲ್ಲಿ ಓದುವುದು. ತೆಗೆಯುವ ಮುಂಚೆ ಫೋನು ಮಾಡಿ ಹೇಳುವುದು.

ಹೊಸದುರ್ಗದ ನಿವೃತ್ತರಿಗೆ ಫೋನು ಮಾಡಿದೆ. "ಇರ್ಲಿ ಬಿಡಪ್ಪ, ಬೆಳಿಗ್ಗೆ ಎದ್ದು ಓದ್ತಿರ್ತೀನಿ" ಅಂದರು. ಮೂವತ್ತಾರು ವರ್ಷ ಸೇವೆ ಮಾಡಿದವರು. ಸ್ವಲ್ಪ ಹೊತ್ತು ಇಬ್ಬರೂ ಸುಮ್ಮನಿದ್ದೆವು. ಆಮೇಲೆ ಅವರೇ, "ಇಲ್ಲ, ತೆಗೀಬೇಕು. ನಾನಿದ್ದಿದ್ರೂ ತೆಗೀತಿದ್ದೆ. ಆಯುಧ ಪೂಜೆಗೆ ಮಾತ್ರ ಮರೀದೆ ಕರೀ" ಅಂದರು. ಕರೆದೆ, ಬಂದಿದ್ದರು.

ಹೊಳಲ್ಕೆರೆಯವರ ಹೆಸರು ಎರಡನೆಯ ಪಟ್ಟಿಯಲ್ಲಿದೆ. ಮೊದಲನೆಯದಕ್ಕೆ ಸೇರಿಸುವುದು ನನ್ನ ಕೈಯಲ್ಲಿಲ್ಲ. ಏಜೆನ್ಸಿಯ ಗುತ್ತಿಗೆ ಪ್ರತಿ ಮಾರ್ಚಿಗೆ ಮುಗಿಯುತ್ತದೆ. ಏಪ್ರಿಲ್ ಮೊದಲ ವಾರದಲ್ಲಿ ಅವರಿಂದ ನನಗೆ ಫೋನು ಬರುತ್ತದೆ. "ಸಾರ್, ಪಟ್ಟೀಲಿ ಇದೀನಾ?" ಎಂದು ಕೇಳುತ್ತಾರೆ. ಯಾವ ಪಟ್ಟಿ ಎಂದು ನಾನು ಕೇಳುವುದಿಲ್ಲ. ಇದೀರಮ್ಮ, ಅನ್ನುತ್ತೇನೆ.